ಉದ್ಘಾಟನೆ ಶೂಟಿಂಗ್: ಒಂದು ಕ್ಯಾಮೆರಾ ಕದಲಬಾರದು

ಶಿವಮೊಗ್ಗ, ಸಾಗರ, ತೀರ್ಥಹಳ್ಳಿ ಕಡೆ ಮದುವೆ ವಿಡಿಯೋ ಮಾಡುವವರಿಗೆ ಕ್ಲೋಸಪ್ ಕೈಗೂಡಿದ ವಿದ್ಯೆ. ಆದರೆ ದೇಶಗಳ ನಡುವೆ ಜಟಾಪಟಿ ಇರುವಾಗ ನಡೆಯುವ ಕ್ರೀಡಾಕೂಟದ ಉದ್ಘಾಟನೆಯಲ್ಲಿ ಕ್ಲೋಸಪ್ಪೇ ಕೈಕೊಡುತ್ತದೆ.

1980ರ ಮಾಸ್ಕೋ ಒಲಿಂಪಿಕ್ಸ್‌ನ ಉದ್ಘಾಟನೆಗೆ, ಅಫ್ಘಾನಿಸ್ತಾನಕ್ಕೆ ಸೋವಿಯತ್ ಸೇನೆ ನುಗ್ಗಿದ್ದನ್ನು ಪ್ರತಿಭಟಿಸಿ, ಬ್ರಿಟನ್ ಕಡೆಯಿಂದ ಮೈದಾನಕ್ಕಿಳಿದದ್ದು ಒಬ್ಬರೇ, ಕೈಯಲ್ಲಿ ಒಲಿಂಪಿಕ್ ಧ್ವಜ. ಕ್ಲೋಸಪ್‌ನಲ್ಲಿ ಅದು ಬಾವುಟ ಹಿಡಿದ ಒಬ್ಬ ಮನುಷ್ಯ, ಅಷ್ಟೇ. ಹಿಂದೆ ತಂಡವೇ ಇಲ್ಲ ಅನ್ನುವುದು ಕಾಣಬೇಕಾದರೆ ವೈಡ್, ಅಂದರೆ ಇಡೀ ಮೈದಾನ ಕಾಣುವ ಶಾಟ್ ಬೇಕು. ಹಾಗಾಗಿ ಮೂರು ಕ್ಯಾಮೆರಾಗಳಲ್ಲಿ ಒಂದು ಗಣ್ಯರ ವೇದಿಕೆಯ ಎದುರು ಸ್ಟ್ಯಾಂಡಿನ ಎತ್ತರದಲ್ಲಿ, ಟ್ರೈಪಾಡ್ ಮೇಲೆ ಲಾಕ್ ಆಗಿ, ಮೊದಲಿಂದ ಕೊನೆವರೆಗೆ ಓಡುತ್ತಿರಲಿ. ಹಳೆಯ ಡಿಎಸ್‌ಎಲ್‌ಆರ್‌ಗಳು ಅರ್ಧ ಗಂಟೆಗೆ ಮುಂಚೆಯೇ ತಾವಾಗಿ ನಿಲ್ಲುತ್ತವೆ. ಈ ಕೆಲಸಕ್ಕೆ ಅವು ಬೇಡ. 100 ಎಂಬಿಪಿಎಸ್‌ನಲ್ಲಿ (ಸೆಕೆಂಡಿಗೆ 100 ಮೆಗಾಬಿಟ್) ರೆಕಾರ್ಡ್ ಮಾಡಿದರೆ ಗಂಟೆಗೆ ಸುಮಾರು 45 ಜಿಬಿ ಬೇಕು. 64 ಜಿಬಿ ಕಾರ್ಡ್ ಒಂದೂವರೆ ಗಂಟೆಯೂ ಬರುವುದಿಲ್ಲ.

ಉಳಿದ ಎರಡು ಕ್ಯಾಮೆರಾ ಟ್ರ್ಯಾಕಿಗೆ: ಒಂದು ಎದುರಿನಿಂದ, ಇನ್ನೊಂದು ಪಕ್ಕದಿಂದ. 1936ರಲ್ಲಿ ಬರ್ಲಿನ್‌ನಲ್ಲಿ ಫ್ರಾನ್ಸ್ ತಂಡ ಬಲಗೈ ಚಾಚಿ ಬಂದಾಗ ಜನ ಅದನ್ನು ನಾಜಿ ವಂದನೆ ಅಂದುಕೊಂಡು ಹರ್ಷೋದ್ಗಾರ ಮಾಡಿದರು. ಫ್ರೆಂಚರು ಅದು ಒಲಿಂಪಿಕ್ ವಂದನೆ ಅಂದರು. ಒಲಿಂಪಿಕ್ ವಂದನೆಯಲ್ಲಿ ಕೈ ಪಕ್ಕಕ್ಕೆ, ನಾಜಿಯದರಲ್ಲಿ ಮುಂದಕ್ಕೆ. ಓರೆಯಿಂದ, ದೂರದ್ದನ್ನು ಹತ್ತಿರ ತೋರುವ 200 ಎಂಎಂ ಲೆನ್ಸಿನಲ್ಲಿ ಹಿಡಿದರೆ ಎರಡೂ ಒಂದೇ ಥರ ಕಾಣುತ್ತವೆ. ಒಂದೇ ಕೋನ ನಂಬಿ ಕೂತರೆ ಆಮೇಲೆ ಎಡಿಟಿಂಗ್ ಟೇಬಲ್‌ನಲ್ಲಿ ಏನೂ ಮಾಡಲಾಗದು.

ನಮ್ಮ ಕರೆಂಟ್ 50 ಹರ್ಟ್ಸ್. ಸೆಕೆಂಡಿಗೆ 25 ಫ್ರೇಮ್‌ಗೆ ಶಟರ್ 1/50 ಸೆಕೆಂಡ್ ಇಟ್ಟರೆ ಫ್ಲಡ್‌ಲೈಟ್ ಮಿಣುಕುವುದಿಲ್ಲ. 60 ಹರ್ಟ್ಸ್ ಇರುವ ದೇಶದಲ್ಲಿ 1/60. ಎಲ್‌ಇಡಿ ಪರದೆಗೆ ಈ ಲೆಕ್ಕ ಸಾಲದು. ಗೆರೆ ಓಡಿದರೆ ಶಟರನ್ನು ಸ್ವಲ್ಪಸ್ವಲ್ಪವೇ ಬದಲಿಸಿ ನೋಡಬೇಕು. ಆಟೋ ವೈಟ್‌ಬ್ಯಾಲೆನ್ಸ್ (ಬಣ್ಣವನ್ನು ಕ್ಯಾಮೆರಾ ತಾನೇ ಹೊಂದಿಸುವುದು) ಬೇಡವೇ ಬೇಡ, ಬಾವುಟದ ಕೇಸರಿ ಶಾಟಿಗೊಂದು ಬಣ್ಣ ಆಗುತ್ತದೆ.

ಧ್ವನಿ ಮೈಕ್‌ಸೆಟ್‌ನವರ ಮಿಕ್ಸರಿನಿಂದ ಬರಲಿ. ಅದು ಲೈನ್ ಲೆವೆಲ್, ಅಂದರೆ ಮೈಕಿಗಿಂತ ತುಂಬ ಜೋರಾದ ಸಿಗ್ನಲ್. ಕ್ಯಾಮೆರಾ ಮೈಕ್ ಲೆವೆಲ್‌ನಲ್ಲೇ ಇದ್ದರೆ ಭಾಷಣವೆಲ್ಲ ಒಡೆದು ಗೊರಗೊರ ಅನ್ನುತ್ತದೆ. ಗ್ಯಾಲರಿಗೆ ಬೇರೆ ಮೈಕ್ ಇಡಿ. ಯಾವ ದೇಶಕ್ಕೆ ಚಪ್ಪಾಳೆ, ಯಾವ ದೇಶಕ್ಕೆ ‘ಹೋ’ ಅನ್ನುವುದು ಮಿಕ್ಸರಿನಲ್ಲಿ ಸಿಗುವುದಿಲ್ಲ. ಆ ಸದ್ದನ್ನು ಎಡಿಟಿಂಗ್‌ನಲ್ಲಿ ಒಂದು ದೇಶದಿಂದ ಇನ್ನೊಂದಕ್ಕೆ ಎಳೆದು ಹಾಕುವುದು ಶುದ್ಧ ಮೋಸ.

ಒಲಿಂಪಿಕ್ಸ್‌ನಂಥ ಕಡೆ ಪ್ರಸಾರದ ಹಕ್ಕಿಲ್ಲದವರಿಗೆ ಒಳಗೆ ಶೂಟಿಂಗ್ ಇಲ್ಲ, ಪತ್ರಕರ್ತರ ಪಾಸ್ ಇದ್ದರೂ ಅಷ್ಟೇ. ಅಭ್ಯಾಸಕ್ಕೆ ನಮ್ಮೂರಿನ ಆಗಸ್ಟ್ 15ರ ಪರೇಡೇ ಸಾಕು. ಮಲೆನಾಡಿನ ಆ ಮಳೆಗೆ ಕಾರಿನ ಎಸಿಯಿಂದ ನೇರ ತೆಗೆದ ಲೆನ್ಸ್ ಮಂಜು ಹಿಡಿಯುತ್ತದೆ. ಬ್ಯಾಗಿನ ಜಿಪ್ ತೆರೆಯದೆ ಅರ್ಧ ಗಂಟೆ ಹೊರಗಿಟ್ಟು, ಆಮೇಲೆ ತೆಗೆಯಿರಿ.