ನಗೆಯ ಪ್ರಸಂಗ ಬರೆಯುವವರ ಕಸುಬು

ಮೈಸೂರಿನ ಹವ್ಯಾಸಿ ರಂಗಭೂಮಿಯಲ್ಲಿ ಪಳಗಿ ಕಿರುತೆರೆಯ ಹಾಸ್ಯ ಕಾರ್ಯಕ್ರಮಗಳಿಗೆ ಬರೆಯತೊಡಗಿದ ನನ್ನಂಥವರಿಗೆ ಮೊದಲು ಅರಿವಾಗುವುದು ಸಮಯದ ಬಿಗಿ. ರಂಗಾಯಣದಲ್ಲೋ, ಮಂಡ್ಯ ರಮೇಶ್ ಅವರು ಕಟ್ಟಿದ ‘ನಟನ’ದಲ್ಲೋ ನಾಟಕವೊಂದು ವಾರಗಟ್ಟಲೆ ತಾಲೀಮಿನಲ್ಲಿ ಹದಗೊಳ್ಳುತ್ತದೆ, ಕಿರುತೆರೆಯ ವಾರಾಂತ್ಯದ ಸ್ಕಿಟ್ (ಕಿರು ನಗೆಪ್ರಸಂಗ) ಮಾತ್ರ ಕೆಲವೇ ದಿನಗಳಲ್ಲಿ ಹುಟ್ಟಿ, ಚಿತ್ರೀಕರಣಗೊಂಡು, ಪ್ರಸಾರವಾಗಿ, ಮರೆತೂ ಹೋಗುತ್ತದೆ.

2015ರಲ್ಲಿ ಅತಿಥಿಗಳನ್ನು ಕರೆಸುವ ಹಾಸ್ಯ ಕಾರ್ಯಕ್ರಮ ‘ಮಜಾ ಟಾಕೀಸ್’, ಮರುವರ್ಷ ಹಾಸ್ಯನಟರ ಸ್ಪರ್ಧೆ ‘ಕಾಮಿಡಿ ಕಿಲಾಡಿಗಳು’ ಆರಂಭವಾದವು. ಎರಡರ ಬರವಣಿಗೆಯೂ ಒಂದೇ ಬಗೆಯದಲ್ಲ. ಮೊದಲನೆಯದರಲ್ಲಿ ಪಾತ್ರಗಳು ವಾರವಾರವೂ ಅವೇ ಆಗಿರುವುದರಿಂದ ಅವುಗಳ ಚಾಳಿ ಪ್ರೇಕ್ಷಕರಿಗೆ ಮೊದಲೇ ಗೊತ್ತಿರುತ್ತದೆ. ಅತಿಥಿಯ ಎದುರು ಆ ಚಾಳಿ ಹೇಗೆ ಎಡವುತ್ತದೆ ಎಂಬುದನ್ನು ಬರೆದರೆ ಅರ್ಧ ಕೆಲಸ ಮುಗಿದಂತೆ. ಸ್ಪರ್ಧೆಯ ಸ್ಕಿಟ್‌ನಲ್ಲಾದರೆ ಯಾರು, ಎಲ್ಲಿದ್ದಾರೆ, ಏನು ತಕರಾರು ಎಂಬುದನ್ನು ಮೊದಲ ನಾಲ್ಕಾರು ಮಾತುಗಳಲ್ಲೇ ಸ್ಥಾಪಿಸಿ, ತಕರಾರನ್ನು ಹಂತಹಂತವಾಗಿ ಬಿಗಿಗೊಳಿಸಿ, ಕೊನೆಯ ತಿರುವನ್ನು ಯಾರೂ ಊಹಿಸದಂತೆ ಬಚ್ಚಿಡಬೇಕು. ನನ್ನ ಮಟ್ಟಿಗೆ ಇದೇ ಹೆಚ್ಚು ಕಷ್ಟದ್ದು. ತಾಲೀಮಿನಲ್ಲಿ ನಟರು ಸೇರಿಸುವ ಮಾತುಗಳಿಂದ ಎಷ್ಟೋ ಸಲ ಸ್ಕಿಟ್ ಮೇಲೇಳುತ್ತದೆಂಬುದನ್ನೂ (ಬರಹಗಾರರಿಗೆ ಇದು ಅಷ್ಟು ರುಚಿಸದಿದ್ದರೂ) ಹೇಳಲೇಬೇಕು.

ಮಂಡ್ಯದ ಕಡೆಯ ಮಾತನ್ನು ಒರಟುತನ ತೋರಿಸಲಷ್ಟೇ ಬಳಸುವುದನ್ನು ನಾನು ಒಪ್ಪುವುದಿಲ್ಲ. ಅಲ್ಲಿನ ಹಾಸ್ಯ ಇರುವುದು ಬೈಗುಳದಲ್ಲಲ್ಲ, ಏನೂ ಅರಿಯದವರಂತೆ ಮಾತಾಡುತ್ತಲೇ ಎದುರಿನವರನ್ನು ಕುಟುಕುವ ಜಾಣತನದಲ್ಲಿ.

ಸಂಭಾವನೆ ಸಾಮಾನ್ಯವಾಗಿ ಸಂಚಿಕೆಯ ಲೆಕ್ಕದಲ್ಲಿರುವುದರಿಂದ, ಕಾರ್ಯಕ್ರಮ ನಿಂತರೆ ಅದೂ ನಿಲ್ಲುತ್ತದೆ. ಹೀಗಾಗಿ ಕೆಲವರು ಧಾರಾವಾಹಿಯ ಸಂಭಾಷಣೆಗೆ, ಕೆಲವರು ಸಿನಿಮಾಕ್ಕೆ ಹೊರಳುತ್ತಾರೆ. ಇನ್ನು ಕೆಲವರು ಮೈಸೂರಿಗೇ ಮರಳಿ ನಾಟಕ ಬರೆಯುತ್ತಾರೆ.