ನಾನು ಬೆಳೆ ಎಂದು ಬರೆದುಕೊಂಡ ಇಸವಿ

ಹಿರಿಯರ ನೆನಪುಗಳನ್ನು ಧ್ವನಿಮುದ್ರಿಸಿ, ಬರಹಕ್ಕೆ ಇಳಿಸಿ, ಜೋಪಾನ ಮಾಡುವುದು ನನ್ನ ಕೆಲಸ. ಹೆಚ್ಚು ತಿರುಗಿದ್ದು ಗೌರಿಬಿದನೂರು ತಾಲ್ಲೂಕಿನಲ್ಲಿ. ಕಾರಣ ವಿದುರಾಶ್ವತ್ಥ. 1938ರ ಏಪ್ರಿಲ್ 25ರಂದು ಅಲ್ಲಿ ಧ್ವಜ ಸತ್ಯಾಗ್ರಹಕ್ಕೆ ಸೇರಿದ್ದ ಜನರ ಮೇಲೆ ಮೈಸೂರು ಸಂಸ್ಥಾನದ ಪೊಲೀಸರು ಗುಂಡು ಹಾರಿಸಿದರು. ಸತ್ತವರೆಷ್ಟು ಎಂಬುದಕ್ಕೆ ಸರ್ಕಾರದ ಲೆಕ್ಕವೇ ಬೇರೆ, ಜನರ ಲೆಕ್ಕವೇ ಬೇರೆ. ಜನರದು ಮೂವತ್ತು ದಾಟುತ್ತದೆ.

2011ರಲ್ಲಿ ಆ ಕಡೆಯ ಹಳ್ಳಿಯೊಂದರಲ್ಲಿ ಎಂಬತ್ತು ದಾಟಿದ ಅಜ್ಜಿಯನ್ನು ಮಾತನಾಡಿಸಿದೆ. ಜಗಲಿಯಲ್ಲಿ ಕುಳಿತು ಹುಣಸೆಹಣ್ಣಿನ ಬೀಜ ತೆಗೆಯುತ್ತಿದ್ದರು. ಗಡಿಸೀಮೆ, ಮಾತು ಅರ್ಧ ಕನ್ನಡ, ಅರ್ಧ ತೆಲುಗು. "ಅದು ಯಾವ ವರ್ಷ ಅಜ್ಜಿ?" ಎಂದೆ. "ಬಹುಧಾನ್ಯ ನಾಯನಾ" ಎಂದರು. ನಾನು ತಲೆಯಾಡಿಸಿ ಬರೆದುಕೊಂಡೆ: ಆ ವರ್ಷ ಬೆಳೆ ಚೆನ್ನಾಗಿತ್ತು, ಧಾನ್ಯ ಹೇರಳ.

ಅಷ್ಟಕ್ಕೇ ಬಿಡದೆ ವರದಿಯಲ್ಲಿ ಅದರ ಮೇಲೊಂದು ವಾದವನ್ನೂ ಕಟ್ಟಿದೆ. ಕಣಜ ತುಂಬಿದ್ದ ರೈತರು ಬಾವುಟಕ್ಕಾಗಿ ಎದ್ದರೆಂದರೆ ಸಿಟ್ಟು ಹೊಟ್ಟೆಯದಲ್ಲ, ಸ್ವಾಭಿಮಾನದ್ದು, ಇತ್ಯಾದಿ. ಈಗ ನೆನೆದರೂ ಕಿವಿ ಬಿಸಿಯಾಗುತ್ತದೆ.

ಕರಡು ಓದಿದ ನಿವೃತ್ತ ಮೇಷ್ಟರೊಬ್ಬರು ಕನ್ನಡಕ ತೆಗೆದಿಟ್ಟು ನಕ್ಕರು. "ಸ್ವಾಮಿ, ಅದು ಸಂವತ್ಸರದ ಹೆಸರು. ಪ್ರಭವದಿಂದ ಎಣಿಸಿ, ಹನ್ನೆರಡನೆಯದು." 1938ರ ಯುಗಾದಿಗೆ ಹುಟ್ಟಿದ್ದು ಬಹುಧಾನ್ಯ ಸಂವತ್ಸರವೇ. ನಾನು ಕೇಳಿದ್ದು ವರ್ಷ, ಅಜ್ಜಿ ಹೇಳಿದ್ದೂ ವರ್ಷ. ನಡುವೆ ಬೆಳೆ ಬೆಳೆದವನು ನಾನು.

ಅಂದಿನಿಂದ ನನ್ನ ಟಿಪ್ಪಣಿ ಪುಸ್ತಕದ ಒಳರಟ್ಟಿಗೆ ಅರವತ್ತು ಸಂವತ್ಸರಗಳ ಪಟ್ಟಿ ಅಂಟಿದೆ. ಹೆಸರುಗಳು ಅರವತ್ತು ವರ್ಷಕ್ಕೊಮ್ಮೆ ಮರಳುವುದರಿಂದ (1998 ಕೂಡ ಬಹುಧಾನ್ಯವೇ) ಜೊತೆಗೆ ಇನ್ನೊಂದು ಗುರುತು ಕೇಳುತ್ತೇನೆ: ಮನೆಯಲ್ಲಿ ಆಗ ಯಾರು ಹುಟ್ಟಿದ್ದರು, ಯಾರ ಮದುವೆಯಾಗಿತ್ತು. ಆಮೇಲೊಬ್ಬರು "ಚಿತ್ರಭಾನು, ಸೀಮೆಎಣ್ಣೆ ಸಿಗುತ್ತಿರಲಿಲ್ಲ" ಎಂದಾಗ ತಡವರಿಸಲಿಲ್ಲ. 1942. ಬರ್ಮಾ ಜಪಾನೀಯರ ಕೈಸೇರಿ ಅಲ್ಲಿಂದ ಬರುತ್ತಿದ್ದ ಎಣ್ಣೆ ನಿಂತ ವರ್ಷ, ಕ್ವಿಟ್ ಇಂಡಿಯಾದ ವರ್ಷ.

ಮೇಷ್ಟರು ನಕ್ಕ ರಾತ್ರಿಯೇ ಅಜ್ಜಿಯ ಧ್ವನಿಮುದ್ರಿಕೆಯನ್ನು ಮೊದಲಿನಿಂದ ಕೇಳಿದೆ. ಅವರು ತುಪಾಕಿ ಎಂದದ್ದನ್ನೆಲ್ಲ ಬಂದೂಕು ಎಂದು ತಿದ್ದಿದ್ದೆ. ಅದೇನೋ ಸಣ್ಣದು. ಆದರೆ ಕೊನೆಯ ಭಾಗವೊಂದನ್ನು 'ಮನೆವಾರ್ತೆ, ಬೇಡ' ಎಂದು ಗುರುತು ಹಾಕಿ ಬರಹಕ್ಕೆ ಇಳಿಸದೆ ಬಿಟ್ಟಿದ್ದೆ. ಅದರಲ್ಲಿ ಅಜ್ಜಿ ಹೇಳುತ್ತಾರೆ: "ನಮ್ಮಪ್ಪ ಒಂದು ದಿನವೂ ಬಟ್ಟೆ ಒಗೆದವನಲ್ಲ. ಆವತ್ತು ಕತ್ತಲಾದ ಮೇಲೆ ಬಂದು ಬಾವಿಕಟ್ಟೆಯಲ್ಲಿ ತಾನೇ ಪಂಚೆ ಒಗೆಯುತ್ತಾ ಕುಳಿತ. ಅಮ್ಮ ದೀಪ ಹಿಡಿದು ನಿಂತಿದ್ದಳು. ಏನೂ ಕೇಳಲಿಲ್ಲ."

ಆಮೇಲೆ ಸ್ವಲ್ಪ ಹೊತ್ತು ಹುಣಸೆಬೀಜ ತಟ್ಟೆಗೆ ಬೀಳುವ ಸದ್ದು. ಅದರ ಮೇಲೆ ನನ್ನ ದನಿ, ಮುಂದಿನ ಪ್ರಶ್ನೆ ಕೇಳುತ್ತಿದೆ.