ಬೋಶಾಂನ ಲಿಪಿ, ಇನ್ನೊಬ್ಬನ ಪುಸ್ತಕ

ಶನಿವಾರ, 16 ನವೆಂಬರ್ 2024

ಸಂಜೆ ಊಟದ ಮೇಜನ್ನು ಗೋಡೆಗೆ ಸರಿಸಿ, ಮುದ್ರಿಸಿಕೊಂಡಿದ್ದ ಹಾಳೆಯೊಂದನ್ನು ನೆಲದ ಮೇಲೆ ಹರಡಿದೆ. ಮುನ್ನೂರು ವರ್ಷ ಹಳೆಯ ಫ್ರೆಂಚ್ ನೃತ್ಯಲಿಪಿ. ಮೊದಲ ನೋಟಕ್ಕೆ ಸೆರಗಿನ ಬಳ್ಳಿಯಂತೆ ಕಾಣುತ್ತದೆ. ಹಾಳೆಯೇ ನೆಲ, ಮೇಲಿನ ಅಂಚಿನಾಚೆ ರಾಜ ಕುಳಿತಿದ್ದಾನೆ, ಬಳುಕುವ ಗೆರೆ ನರ್ತಕ ಸಾಗುವ ದಾರಿ. ದಾರಿಗೆ ಅಡ್ಡಲಾಗಿ ಎಳೆದ ಸಣ್ಣ ಗೀಟುಗಳು ಪುಟದ ಮೇಲ್ತುದಿಯ ಸಂಗೀತದ ವಿಭಾಗಗಳಿಗೆ ಹೊಂದುತ್ತವೆ. ಹೆಜ್ಜೆಯ ಗುರುತಿಗೆ ಓರೆ ಗೀಟಿದ್ದರೆ ಮಂಡಿ ಬಗ್ಗಿಸಬೇಕು, ನೇರ ಗೀಟಿದ್ದರೆ ಮೇಲೇಳಬೇಕು, ನೇರ ಗೀಟು ಎರಡಿದ್ದರೆ ಜಿಗಿಯಬೇಕು. ನಾಲ್ಕು ವಿಭಾಗ ದಾಟಲು ನನಗೆ ಒಂದೂವರೆ ಗಂಟೆ ಹಿಡಿಯಿತು. ಕೈಗಳ ಬಗ್ಗೆ ಈ ಹಾಳೆ ಏನೂ ಹೇಳುವುದಿಲ್ಲ.

ಈ ಲಿಪಿಯನ್ನು ರೂಪಿಸಿದವನು ಪಿಯೆರ್ ಬೋಶಾಂ. 1631ರಲ್ಲಿ ವರ್ಸಾಯ್‌ನಲ್ಲಿ, ಪಿಟೀಲು ವಾದಕರ ಮನೆತನದಲ್ಲಿ ಹುಟ್ಟಿದವನು. ಇಪ್ಪತ್ತು ವರ್ಷಕ್ಕೂ ಹೆಚ್ಚು ಕಾಲ ಫ್ರಾನ್ಸಿನ ರಾಜ ಹದಿನಾಲ್ಕನೆಯ ಲೂಯಿಗೆ ನೃತ್ಯ ಕಲಿಸಿದ. 1661ರಲ್ಲಿ ಮೋಲಿಯೇರ್‌ನ ನಾಟಕವೊಂದಕ್ಕೆ ನೃತ್ಯವನ್ನೂ ಸಂಗೀತವನ್ನೂ ಕಟ್ಟಿದ. ಇಂದಿಗೂ ಬ್ಯಾಲೆ ಕಲಿಯುವ ಮಗು ಮೊದಲು ಅಭ್ಯಾಸ ಮಾಡುವ ಪಾದದ ಐದು ನಿಲುವುಗಳನ್ನು ಕ್ರಮಬದ್ಧಗೊಳಿಸಿದವನೂ ಇವನೇ ಎನ್ನುತ್ತಾರೆ. ಅಟ್ಟದ ಪಾರಿವಾಳಗಳಿಗೆ ಕಾಳು ಎರಚಿ, ಅವು ಗುಂಪುಗೂಡಿ ಚದುರುವುದನ್ನು ನೋಡಿ ನೃತ್ಯದ ವಿನ್ಯಾಸಗಳನ್ನು ಕಂಡುಕೊಳ್ಳುತ್ತಿದ್ದನಂತೆ. ಕಥೆಯೇ ಇರಬಹುದು, ಆದರೂ ನನಗೆ ಬಹಳ ಇಷ್ಟ.

ರಾಜನ ಆಜ್ಞೆಯ ಮೇರೆಗೆ ಬರೆದ ಈ ಲಿಪಿಯನ್ನು ಬೋಶಾಂ ಅಚ್ಚು ಮಾಡಿಸಲಿಲ್ಲ. 1700ರಲ್ಲಿ ರಾವುಲ್ ಓಜೆ ಫೈಯೆ ಎಂಬ ನೃತ್ಯಗುರು ಅದನ್ನು ತನ್ನ ಹೆಸರಿನಲ್ಲಿ ಪುಸ್ತಕವಾಗಿ ತಂದ. 1704ರಲ್ಲಿ ಬೋಶಾಂ ರಾಜನ ಮಂಡಳಿಗೆ ದೂರು ಕೊಟ್ಟ. ಲಿಪಿ ಇವನದೇ ಎಂದು ಹಲವು ನೃತ್ಯಗುರುಗಳು ಸಾಕ್ಷಿ ಹೇಳಿದರು. ಆದರೆ ಪ್ರಕಟಣೆಯ ಪರವಾನಗಿ ಇದ್ದದ್ದು ಫೈಯೆಯ ಕೈಯಲ್ಲಿ, ದೂರು ಬಿದ್ದುಹೋಯಿತು. ಮರುವರ್ಷವೇ ಬೋಶಾಂ ತೀರಿಕೊಂಡ. ಎಪ್ಪತ್ತು ದಾಟಿದ ಗುರು ತನ್ನದೇ ಕೆಲಸಕ್ಕಾಗಿ ಕೈಯೊಡ್ಡಿ ನಿಂತದ್ದನ್ನು ಓದಿದಾಗಲೆಲ್ಲ ಹೊಟ್ಟೆಯೊಳಗೆ ಸಂಕಟವಾಗುತ್ತದೆ.

ಫೈಯೆಯನ್ನು ಬರೀ ಕಳ್ಳನೆಂದು ಬೈದು ಮುಗಿಸಲೂ ಮನಸ್ಸು ಒಪ್ಪುವುದಿಲ್ಲ. ಹೊಸ ನೃತ್ಯಗಳ ಸಂಗ್ರಹಗಳನ್ನು ವರ್ಷ ವರ್ಷ ಅಚ್ಚು ಹಾಕಿಸಿದವನು ಅವನು. 1706ರ ಹೊತ್ತಿಗೆ ಪುಸ್ತಕ ಇಂಗ್ಲಿಷಿಗೂ ಬಂತು. ಈ ಲಿಪಿಯಲ್ಲಿ ಉಳಿದಿರುವ ಮುನ್ನೂರಕ್ಕೂ ಹೆಚ್ಚು ನೃತ್ಯಗಳಲ್ಲಿ ಬಹಳಷ್ಟು, ಪ್ಯಾರಿಸ್ ಒಪೆರಾದಲ್ಲಿ ಬೋಶಾಂನ ನಂತರ ನೃತ್ಯ ಸಂಯೋಜಕನಾಗಿ ಬಂದ ಪೆಕೂರ್‌ನವು. ಲಿಪಿ ಕೊಟ್ಟವನ ಹೆಸರು ಹೊತ್ತು, ಹಸ್ತಪ್ರತಿಯಲ್ಲಿ ಒಂದು ಸಾರಾಬಾಂದ್, ಅಂದರೆ ನಿಧಾನಗತಿಯ ನೃತ್ಯ, ಉಳಿದಿದೆ. ಒಂದು ದಿನ ಅದನ್ನು ಓದುವಷ್ಟು ಕಲಿಯಬೇಕು.

ಐದನೆಯ ವಿಭಾಗದ ತಿರುವು ಇನ್ನೂ ಕಾಲಿಗೆ ಹತ್ತಿಲ್ಲ. ಮೇಜು ಇವತ್ತು ರಾತ್ರಿ ಗೋಡೆಗೇ ಒರಗಿರಲಿ.